ಕ್ಯಾಲಿಫೋರ್ನಿಯಾ ಕಿಂಗ್‌ಸ್ನೇಕ್: ಪದೇ ಪದೇ ಕೇಳುವ ಪ್ರಶ್ನೆಗಳು

ಕಿಂಗ್‌ಸ್ನೇಕ್ ಅಂದರೆ ನಮ್ಮ ಕಾಳಿಂಗ ಸರ್ಪವೇ?

ಅಲ್ಲ. ಎರಡಕ್ಕೂ ಇಂಗ್ಲಿಷಿನವರು ರಾಜಪದವಿ ಕೊಟ್ಟಿದ್ದಾರೆ, ಎರಡೂ ಬೇರೆ ಹಾವುಗಳನ್ನು ತಿನ್ನುತ್ತವೆ. ಹೋಲಿಕೆ ಅಲ್ಲಿಗೆ ಮುಗಿಯಿತು. ಕಾಳಿಂಗ ಸರ್ಪ ನಾಗರಹಾವು, ಕಟ್ಟುಹಾವುಗಳ ಕುಟುಂಬಕ್ಕೆ ಸೇರಿದ್ದು, ಘೋರ ವಿಷದ್ದು. ಆಗುಂಬೆಯ ಕಡೆ ನಾವು ನೋಡುವ ಪಶ್ಚಿಮ ಘಟ್ಟದ ಕಾಳಿಂಗವನ್ನು 2024ರಲ್ಲಿ ಪಿ. ಗೌರಿಶಂಕರ್ ಮತ್ತು ಸಂಗಡಿಗರು ಪ್ರತ್ಯೇಕ ಪ್ರಭೇದವೆಂದು ಗುರುತಿಸಿ 'ಒಫಿಯೋಫೇಗಸ್ ಕಾಳಿಂಗ' ಎಂದು ಹೆಸರಿಟ್ಟಿದ್ದಾರೆ. ಕಿಂಗ್‌ಸ್ನೇಕ್ ಅಮೆರಿಕ ಖಂಡದ್ದು, ವಿಷವಿಲ್ಲದ್ದು, ಕೊಲುಬ್ರಿಡೇ ಕುಟುಂಬದ್ದು. ವಂಶಾವಳಿ ಬಿಡಿಸಿದರೆ ಗದ್ದೆ ಬದುವಿನ ನಮ್ಮ ಕೇರೆ ಹಾವೇ ಇದಕ್ಕೆ ಕಾಳಿಂಗನಿಗಿಂತ ಹತ್ತಿರದ ನೆಂಟ.

ಕಿಂಗ್‌ಸ್ನೇಕ್‌ಗಳಲ್ಲಿ ಹಲವು ಪ್ರಭೇದಗಳಿವೆ. ಈ ಪುಟದಲ್ಲಿ ಹೇಳುತ್ತಿರುವುದು ಕ್ಯಾಲಿಫೋರ್ನಿಯಾದ್ದರ ಬಗ್ಗೆ. ವೈಜ್ಞಾನಿಕ ಹೆಸರು ಲ್ಯಾಂಪ್ರೊಪೆಲ್ಟಿಸ್ ಕ್ಯಾಲಿಫೋರ್ನಿಯೇ.

ನಾವಿರುವುದು ಕ್ಯಾಲಿಫೋರ್ನಿಯಾದ ಸ್ಯಾನ್ ಹೋಸೆಯಲ್ಲಿ. ಹಿತ್ತಲಲ್ಲಿ ಕಪ್ಪು ಮೈಗೆ ಬಿಳಿ ಪಟ್ಟೆಯ ಹಾವು ಬಂದಿತ್ತು, ಊರಿನ ಕಟ್ಟುಹಾವಿನ ಥರವೇ. ಗಾಬರಿ ಆಗಬೇಕಾ?

ಗಾಬರಿ ಆಗುವುದು ಸಹಜ. ಕಟ್ಟುಹಾವಿನ ಭಯ ಕಲಿತು ಬೆಳೆದವರು ಈ ಹಾವನ್ನು ಮೊದಲ ಸಲ ನೋಡಿದಾಗ ಎರಡು ಹೆಜ್ಜೆ ಹಿಂದೆ ಹೋಗದಿದ್ದರೇ ಆಶ್ಚರ್ಯ. ಆದರೆ ಕಟ್ಟುಹಾವುಗಳು ಏಷ್ಯಾದವು, ಅಮೆರಿಕದಲ್ಲಿ ಒಂದೂ ಇಲ್ಲ. ನಿಮ್ಮ ಊರಿರುವ ಬೇ ಏರಿಯಾದ ಮನೆಗಳ ಆಸುಪಾಸಿನಲ್ಲಿ ಕಪ್ಪು-ಬಿಳಿ ಅಥವಾ ಕಂದು-ಹಳದಿ ಪಟ್ಟೆಯ ನಯವಾದ ಮೈಯ ಹಾವು ಕಂಡರೆ ಅದು ಬಹುತೇಕ ಕಿಂಗ್‌ಸ್ನೇಕ್.

ಪಟ್ಟೆಗಳನ್ನು ಗಮನಿಸಿದರೂ ವ್ಯತ್ಯಾಸ ಕಾಣುತ್ತದೆ. ಕಟ್ಟುಹಾವಿನ ಬಿಳಿ ಗೆರೆಗಳು ತೆಳು, ಹೆಚ್ಚಾಗಿ ಜೋಡಿ ಜೋಡಿ, ತಲೆಯ ಕಡೆ ಬರುತ್ತಾ ಮಾಸಿಹೋಗುತ್ತವೆ. ಕಿಂಗ್‌ಸ್ನೇಕ್‌ನ ಪಟ್ಟೆ ಅಗಲ, ಕುತ್ತಿಗೆಯಿಂದಲೇ ಶುರು. ಈ ಗುರುತುಗಳನ್ನು ಅಮೆರಿಕದಲ್ಲಿ ಬಳಸಿ. ರಜೆಗೆ ಊರಿಗೆ ಬಂದಾಗ ಹಿತ್ತಲಿನ ಪಟ್ಟೆ ಹಾವಿನ ಹತ್ತಿರ ಹೋಗಿ ಗೆರೆ ಎಣಿಸುವ ಸಾಹಸ ಬೇಡ.

ಎಲ್ಲೆಲ್ಲಿ ಇರುತ್ತದೆ?

ಹೆಸರು ಒಂದು ರಾಜ್ಯದ್ದಾದರೂ ಹರಹು ದೊಡ್ಡದು. ಉತ್ತರದಲ್ಲಿ ಆರೆಗಾನ್‌ನ ದಕ್ಷಿಣ ಭಾಗ, ಅಲ್ಲಿಂದ ಕ್ಯಾಲಿಫೋರ್ನಿಯಾದ ಬಹುಪಾಲು, ನೆವಾಡಾ, ಯೂಟಾ, ಅರಿಜೋನಾ, ಕೆಳಗೆ ಮೆಕ್ಸಿಕೋದ ಬಾಹಾ ಕ್ಯಾಲಿಫೋರ್ನಿಯಾ ಮತ್ತು ಸೊನೋರಾದವರೆಗೆ. ಮರುಭೂಮಿ, ಹುಲ್ಲುಗಾವಲು, ಓಕ್ ಮರಗಳ ಗುಡ್ಡ, ಕುರುಚಲು ಕಾಡು, ಹೊಲ, ಬಡಾವಣೆ ಯಾವುದಾದರೂ ಆದೀತು. ಸಿಯೆರಾ ನೆವಾಡಾ ಪರ್ವತಗಳ ಎತ್ತರದ ಚಳಿ, ವಾಯವ್ಯ ಕರಾವಳಿಯ ತೇವ ಮಾತ್ರ ಇದಕ್ಕೆ ಒಗ್ಗುವುದಿಲ್ಲ. ಒಂದೇ ಹಾವು ಇಷ್ಟು ಬಗೆಯ ನೆಲದಲ್ಲಿ ಬದುಕಬಲ್ಲದು ಎನ್ನುವುದನ್ನು ನೆನಪಿಡಿ, ಮುಂದೆ ಕನೇರಿ ದ್ವೀಪದ ವಿಷಯ ಬಂದಾಗ ಬೇಕಾಗುತ್ತದೆ.

ಎಷ್ಟು ಉದ್ದ ಬೆಳೆಯುತ್ತದೆ?

ಸಾಮಾನ್ಯವಾಗಿ ಎರಡೂವರೆಯಿಂದ ನಾಲ್ಕು ಅಡಿ. ಅದಕ್ಕಿಂತ ದೊಡ್ಡವೂ ಇವೆ, ಅಪರೂಪ. ತಲೆ ಕುತ್ತಿಗೆಗಿಂತ ಹೆಚ್ಚೇನೂ ಅಗಲವಿಲ್ಲ, ಹುರುಪೆಗಳು ನುಣುಪು, ಮೈಗೆ ಎಣ್ಣೆ ಸವರಿದ ಹೊಳಪು.

ಕೆಲವು ಹಾವಿಗೆ ಅಡ್ಡಪಟ್ಟೆ, ಕೆಲವಕ್ಕೆ ತಲೆಯಿಂದ ಬಾಲದವರೆಗೆ ಬೆನ್ನ ಮೇಲೆ ಒಂದೇ ಉದ್ದ ಗೆರೆ. ಎರಡೂ ಬೇರೆ ಬೇರೆ ಜಾತಿಯಲ್ಲವೇ?

ಹಾಗೆಂದೇ ವಿಜ್ಞಾನಿಗಳೂ ಬಹುಕಾಲ ನಂಬಿದ್ದರು. ಉದ್ದ ಗೆರೆಯದನ್ನು 1835ರಲ್ಲಿ ಫ್ರಾನ್ಸಿನ ಬ್ಲೇನ್‌ವಿಲ್ ವರ್ಣಿಸಿ ಕ್ಯಾಲಿಫೋರ್ನಿಯೇ ಎಂದು ಹೆಸರಿಟ್ಟ. ಅಡ್ಡಪಟ್ಟೆಯದಕ್ಕೆ ಆಮೇಲೆ ಬಾಯ್ಲಿ ಎಂಬ ಬೇರೆ ಹೆಸರು ಬಂತು. ಮ್ಯೂಸಿಯಂ ಜಾಡಿಗಳಲ್ಲಿ ಎರಡನ್ನೂ ಪಕ್ಕಪಕ್ಕ ಇಟ್ಟರೆ ಯಾರಾದರೂ ಎರಡು ಜಾತಿ ಎಂದೇ ಹೇಳುತ್ತಾರೆ, ತಪ್ಪು ತಿಳಿಯುವಂತಿಲ್ಲ.

ಈ ಗಂಟನ್ನು ಬಿಡಿಸಿದವರು ಸ್ಯಾನ್ ಡಿಯೇಗೊದ ಲಾರೆನ್ಸ್ ಕ್ಲಾಬರ್. ವೃತ್ತಿಯಿಂದ ವಿದ್ಯುತ್ ಕಂಪನಿಯ ಎಂಜಿನಿಯರ್, ಮುಂದೆ ಅದರ ಅಧ್ಯಕ್ಷರೂ ಆದವರು. ಹಾವುಗಳ ಹುಚ್ಚು ಮಾತ್ರ ಪೂರ್ಣಾವಧಿಯದು. ಬಾಲದಲ್ಲಿ ಗಿಲಕಿಯಿರುವ ವಿಷದ ಹಾವುಗಳಾದ ರ‍್ಯಾಟಲ್‌ಸ್ನೇಕ್‌ಗಳ ವಿಷಯದಲ್ಲಿ ಅವರ ಮಾತಿಗೆ ಇವತ್ತಿಗೂ ತೂಕವಿದೆ. ಒಂದೇ ತಾಯಿ ಇಟ್ಟ ಮೊಟ್ಟೆಗಳಿಂದ ಪಟ್ಟೆಯ ಮರಿಗಳೂ ಗೆರೆಯ ಮರಿಗಳೂ ಹೊರಬರುವುದನ್ನು ಅವರು ದಾಖಲಿಸಿ 1936ರಲ್ಲಿ ಪ್ರಕಟಿಸಿದರು. ಅಣ್ಣತಮ್ಮಂದಿರನ್ನು ಬೇರೆ ಜಾತಿ ಎನ್ನಲು ಬರುವುದಿಲ್ಲವಲ್ಲ, ವಾದ ಅಲ್ಲಿಗೆ ನಿಂತಿತು. ಪಟ್ಟೆ ಅರ್ಧಕ್ಕೆ ತುಂಡಾಗಿ ಗೆರೆಯಾಗಲು ಹೊರಟಂತಿರುವ ನಡುವಿನ ಮಾದರಿಗಳೂ ಇವೆ. ಗೆರೆಯವು ಸ್ಯಾನ್ ಡಿಯೇಗೊ ಸುತ್ತಮುತ್ತ ಹೆಚ್ಚು, ಬೇರೆ ಕಡೆ ಪಟ್ಟೆಯವೇ ಹೆಚ್ಚು.

ಹೆಸರಿನ ಗೊಂದಲ ಇಷ್ಟಕ್ಕೇ ಮುಗಿಯಲಿಲ್ಲ. ಮುಂದೆ ಹಲವು ದಶಕ ಇದನ್ನು ಪೂರ್ವ ಅಮೆರಿಕದ ಕಿಂಗ್‌ಸ್ನೇಕ್‌ನ, ಅಂದರೆ ಲ್ಯಾಂಪ್ರೊಪೆಲ್ಟಿಸ್ ಗೆಟ್ಯುಲಾದ, ಉಪಪ್ರಭೇದ ಎಂದೇ ಎಣಿಸುತ್ತಿದ್ದರು. 2009ರಲ್ಲಿ ಪೈರನ್ ಮತ್ತು ಬರ್‌ಬ್ರಿಂಕ್ ಡಿಎನ್‌ಎ ಆಧಾರದ ಮೇಲೆ ಮತ್ತೆ ಸ್ವತಂತ್ರ ಪ್ರಭೇದವಾಗಿಸಿದರು. ಹಳೆಯ ಪುಸ್ತಕಗಳಲ್ಲಿ ಗೆಟ್ಯುಲಾ ಎಂದಿದ್ದರೆ ಬೇರೆ ಹಾವು ಎಂದುಕೊಳ್ಳಬೇಡಿ.

ಇದು ರ‍್ಯಾಟಲ್‌ಸ್ನೇಕ್‌ಗಳನ್ನೇ ತಿಂದು ಬದುಕುತ್ತದಂತೆ, ನಿಜವಾ?

ತಿನ್ನುತ್ತದೆ ಎನ್ನುವುದು ನಿಜ. ಅದನ್ನೇ ತಿಂದು ಬದುಕುತ್ತದೆ ಎನ್ನುವುದು ವಿಡಿಯೊಗಳ ಕೊಡುಗೆ. ಎರಡು ಹಾವುಗಳ ಕಾಳಗ ಚಿತ್ರೀಕರಿಸಿದರೆ ಲಕ್ಷಾಂತರ ಜನ ನೋಡುತ್ತಾರೆ, ಇಲಿಯ ಬಿಲದೊಳಗೆ ನುಗ್ಗಿ ಕಣ್ಣುಬಿಡದ ನಾಲ್ಕು ಮರಿ ನುಂಗಿದ್ದನ್ನು ಯಾರು ನೋಡುತ್ತಾರೆ? ಅದರ ದಿನನಿತ್ಯದ ಊಟ ಈ ಎರಡನೆಯದೇ. ಇಲಿ, ಓತಿಕ್ಯಾತ, ಹಕ್ಕಿಮರಿ, ಮೊಟ್ಟೆ, ಸಿಕ್ಕರೆ ಹಾವು. ಹಾವುಗಳಲ್ಲೂ ವಿಷದವೇ ಬೇಕೆಂಬ ಹಟವಿಲ್ಲ. ತನ್ನದೇ ಜಾತಿಯ ಚಿಕ್ಕದೊಂದು ಎದುರಾದರೆ ಅದನ್ನೂ ಬಿಡುವುದಿಲ್ಲ.

ನನ್ನ ಲೆಕ್ಕದಲ್ಲಿ ಈ ಹಾವಿನ ನಿಜವಾದ ಹೆಚ್ಚುಗಾರಿಕೆ ರ‍್ಯಾಟಲ್‌ಸ್ನೇಕ್ ಕೊಲ್ಲುವುದರಲ್ಲಿ ಇಲ್ಲ. ಏನು ಸಿಕ್ಕರೂ ನಡೆಯುತ್ತದೆ ಎನ್ನುವುದರಲ್ಲಿದೆ.

ರ‍್ಯಾಟಲ್‌ಸ್ನೇಕ್ ಕಚ್ಚಿದರೆ ಇದಕ್ಕೆ ವಿಷ ಏರುವುದಿಲ್ಲವೇ?

ಅಷ್ಟು ಸುಲಭಕ್ಕೆ ಏರುವುದಿಲ್ಲ. ಕಿಂಗ್‌ಸ್ನೇಕ್‌ಗಳ ರಕ್ತದಲ್ಲಿ ರ‍್ಯಾಟಲ್‌ಸ್ನೇಕ್ ಗುಂಪಿನ ವಿಷವನ್ನು ತಟಸ್ಥಗೊಳಿಸುವ ಪ್ರೋಟೀನ್‌ಗಳಿವೆ. ಆ ವಿಷದಲ್ಲಿ ಮಾಂಸ, ರಕ್ತನಾಳಗಳನ್ನು ಕರಗಿಸುವ ಕಿಣ್ವಗಳು ಹೇರಳ. ಈ ಪ್ರೋಟೀನ್‌ಗಳು ಆ ಕಿಣ್ವಗಳನ್ನೇ ಹಿಡಿದು ನಿಲ್ಲಿಸುತ್ತವೆ. ಹಾಗಂತ ಜಗತ್ತಿನ ಎಲ್ಲ ವಿಷಕ್ಕೂ ಇದು ಕವಚವಲ್ಲ. ತಲೆಮಾರುಗಳಿಂದ ಜೊತೆಗೆ ಬಾಳಿದ ನೆರೆಯವರ ವಿಷಕ್ಕೆ ಮಾತ್ರ ಮೈ ಸಿದ್ಧವಾಗಿದೆ. ನರಗಳ ಮೇಲೆ ಕೆಲಸ ಮಾಡುವ ನಾಗರಹಾವಿನ ಗುಂಪಿನ ವಿಷದ ಮುಂದೆ ಇದರ ಆಟ ಅಷ್ಟಾಗಿ ನಡೆಯದು. 'ನಾಗರಹಾವಿಗೂ ಕಿಂಗ್‌ಸ್ನೇಕ್‌ಗೂ ಯುದ್ಧವಾದರೆ ಯಾರು ಗೆಲ್ಲುತ್ತಾರೆ' ಎಂದು ಕೇಳುವವರು ಇದ್ದೇ ಇರುತ್ತಾರೆ. ಸಾಗರ ದಾಟಿ ಅವೆರಡೂ ಭೇಟಿಯಾಗುವ ಸಂದರ್ಭ ಪ್ರಕೃತಿಯಲ್ಲಿ ಇಲ್ಲ.

ಅಷ್ಟು ವಿಷವಿರುವ ರ‍್ಯಾಟಲ್‌ಸ್ನೇಕ್ ಸುಮ್ಮನೆ ಸಿಕ್ಕಿಬೀಳುತ್ತದೆಯೇ?

ಇಲ್ಲ, ಆದರೆ ಅದು ಮಾಡುವ ಕೆಲಸ ವಿಚಿತ್ರ. ಮನುಷ್ಯನೋ ನಾಯಿಯೋ ಬಂದರೆ ರ‍್ಯಾಟಲ್‌ಸ್ನೇಕ್ ಸುರುಳಿ ಸುತ್ತಿ, ತಲೆಯೆತ್ತಿ, ಬಾಲದ ಗಿಲಕಿ ಆಡಿಸುತ್ತಾ ಕಚ್ಚಲು ಸಜ್ಜಾಗುತ್ತದೆ. ಕಿಂಗ್‌ಸ್ನೇಕ್ ಬಂದರೆ ಇದೆಲ್ಲ ತಿರುವುಮುರುವು. ತಲೆಯನ್ನು ನೆಲಕ್ಕೆ ಒತ್ತಿ ಹಿಂದಕ್ಕೆ ಎಳೆದುಕೊಳ್ಳುತ್ತದೆ, ಮೈಯ ನಡುಭಾಗವನ್ನು ಕಮಾನಿನ ಹಾಗೆ ಮೇಲೆತ್ತುತ್ತದೆ, ಆ ಕಮಾನಿನಿಂದಲೇ ಶತ್ರುವನ್ನು ದೂಡುತ್ತದೆ, ಬಡಿಯುತ್ತದೆ. ಕಾರಣ ಊಹಿಸಲು ಕಷ್ಟವಿಲ್ಲ. ಕಿಂಗ್‌ಸ್ನೇಕ್ ಮೊದಲು ಬಾಯಿ ಹಾಕುವುದು ತಲೆಗೆ, ಇಲ್ಲವೇ ಕುತ್ತಿಗೆಗೆ. ವಿಷ ನಾಟದ ವೈರಿಯ ಮುಂದೆ ಹಲ್ಲು ತೋರಿಸಲು ಹೋದರೆ ತಲೆಯನ್ನೇ ಒಪ್ಪಿಸಿದಂತೆ.

ಶತ್ರು ಬಂದದ್ದನ್ನು ತಿಳಿಯಲು ರ‍್ಯಾಟಲ್‌ಸ್ನೇಕ್‌ಗೆ ಕಣ್ಣಿಗಿಂತ ವಾಸನೆ ಮುಖ್ಯ. ನಾಲಿಗೆ ಹೊರಚಾಚಿ ಗಾಳಿಯ ಕಣಗಳನ್ನು ಬಾಯೊಳಗಿನ ಜೇಕಬ್‌ಸನ್ ಅಂಗಕ್ಕೆ ಮುಟ್ಟಿಸಿ ಕಿಂಗ್‌ಸ್ನೇಕ್‌ನ ಮೈವಾಸನೆಯನ್ನು ಗುರುತಿಸುತ್ತದೆ. ಚಾರ್ಲ್ಸ್ ಬೋಗರ್ಟ್ 1941ರಲ್ಲಿ ಈ ಬಗ್ಗೆ ಪ್ರಯೋಗಗಳ ಸಮೇತ ಬರೆದರು. ಹಾವು ಎದುರಿಗಿಲ್ಲದೆ ಅದರ ವಾಸನೆಯಷ್ಟೇ ಇದ್ದರೂ ರ‍್ಯಾಟಲ್‌ಸ್ನೇಕ್ ಕಮಾನು ಎತ್ತಬಲ್ಲದು.

ಹಿಡಿತ ಅಷ್ಟು ಬಲವೇ?

ಹೌದು, ಮೈಗಾತ್ರಕ್ಕೆ ಹೋಲಿಸಿದರೆ ಅಚ್ಚರಿಯಷ್ಟು. 2017ರಲ್ಲಿ ಡೇವಿಡ್ ಪೆನಿಂಗ್ ಮತ್ತು ಬ್ರ್ಯಾಡ್ ಮೂನ್ ಕಿಂಗ್‌ಸ್ನೇಕ್‌ಗಳನ್ನೂ, ಅವುಗಳಿಗೆ ಆಹಾರವಾಗುವ, ಗಿಲಕಿಯೂ ವಿಷವೂ ಇಲ್ಲದ ಅಮೆರಿಕದ ರ‍್ಯಾಟ್‌ಸ್ನೇಕ್‌ಗಳನ್ನೂ ಅಳೆದು ನೋಡಿದರು. ಎರಡೂ ಸುತ್ತಿ ಬಿಗಿದೇ ಬೇಟೆಯಾಡುವಂಥವು, ರ‍್ಯಾಟ್‌ಸ್ನೇಕ್ ಎಷ್ಟೋ ಸಲ ದೊಡ್ಡದೇ. ಸ್ನಾಯುಗಳ ಪ್ರಮಾಣದಲ್ಲಿ ಕಿಂಗ್‌ಸ್ನೇಕ್‌ನದು ಹೆಚ್ಚೇನೂ ಇರಲಿಲ್ಲ. ಎಳೆದಾಡುವ ಶಕ್ತಿಯೂ ಸಮವೇ. ಆದರೂ ಬಿಗಿತದ ಒತ್ತಡ ಕಿಂಗ್‌ಸ್ನೇಕ್‌ನದು ಬಹಳ ಹೆಚ್ಚು. ಗುಟ್ಟು ಸುತ್ತುವ ರೀತಿಯಲ್ಲಿತ್ತು. ರ‍್ಯಾಟ್‌ಸ್ನೇಕ್ ಹೇಗೆ ಬೇಕೋ ಹಾಗೆ ಸುತ್ತಿಕೊಳ್ಳುತ್ತದೆ, ಕಿಂಗ್‌ಸ್ನೇಕ್ ಒಂದರ ಪಕ್ಕ ಒಂದು ಸುತ್ತನ್ನು ಸ್ಪ್ರಿಂಗಿನಂತೆ ಒಪ್ಪವಾಗಿ ಕೂರಿಸುತ್ತದೆ.

ಸುತ್ತುವ ಹಾವು ಉಸಿರುಗಟ್ಟಿಸಿ ಕೊಲ್ಲುತ್ತದೆ ಎಂದು ನಾವೆಲ್ಲ ಶಾಲೆಯಲ್ಲಿ ಓದಿದ್ದು. 2015ರಲ್ಲಿ ಸ್ಕಾಟ್ ಬೋಬ್ಯಾಕ್ ತಂಡ ಬೋವಾ ಹಾವು ಬಿಗಿದ ಇಲಿಗಳಲ್ಲಿ ರಕ್ತದೊತ್ತಡ ಅಳೆದಾಗ ಕಂಡದ್ದೇ ಬೇರೆ. ಕೆಲವೇ ಕ್ಷಣಗಳಲ್ಲಿ ರಕ್ತಸಂಚಾರ ಕುಸಿಯುತ್ತದೆ, ಉಸಿರು ಕಟ್ಟಿ ಸಾಯುವಷ್ಟು ಹೊತ್ತೇ ಇರುವುದಿಲ್ಲ. ಹಾವನ್ನು ಹಿಡಿದಾಗ ಮಾತ್ರ ಕಿಂಗ್‌ಸ್ನೇಕ್ ಸಾವಿನವರೆಗೆ ಕಾಯಲೇಬೇಕೆಂದಿಲ್ಲ, ಜೀವವಿರುವಾಗಲೇ ನುಂಗಲು ಶುರುಮಾಡುವುದೂ ಉಂಟು.

ತನಗಿಂತ ಉದ್ದದ ಹಾವನ್ನು ನುಂಗುತ್ತದೆ ಎಂದು ಓದಿದೆ. ಹೊಟ್ಟೆಯಲ್ಲಿ ಹಿಡಿಯುವುದು ಹೇಗೆ?

ಕೇಟ್ ಜಾಕ್ಸನ್, ನೇಥನ್ ಕ್ಲೇ, ಎಲಿಜಬೆತ್ ಬ್ರೇನರ್ಡ್ ಕೇಳಿದ್ದೂ ಇದೇ ಪ್ರಶ್ನೆ. ಅವರು ಇದೇ ಕ್ಯಾಲಿಫೋರ್ನಿಯಾ ಕಿಂಗ್‌ಸ್ನೇಕ್‌ಗೆ ಹಾವುಗಳನ್ನು ತಿನ್ನಿಸಿ, ಒಳಗೆ ಏನಾಗುತ್ತದೆ ಎಂದು ಎಕ್ಸ್‌ರೇಯಲ್ಲಿ ನೋಡಿ 2004ರಲ್ಲಿ ಬರೆದರು. ನುಂಗಿಸಿಕೊಂಡ ಹಾವು ಒಳಗೆ ನೇರವಾಗಿ ಮಲಗಿರುವುದಿಲ್ಲ. ಅದರ ಬೆನ್ನುಮೂಳೆ ಎಡಕ್ಕೂ ಬಲಕ್ಕೂ ಬಾಗುತ್ತಾ, ಸೀರೆಯ ನೆರಿಗೆಯಂತೆ ಮಡಿಕೆ ಮಡಿಕೆಯಾಗಿ ಕೂರುತ್ತದೆ. ಹಾಗಾಗಿ ಉದ್ದ ಕುಗ್ಗುತ್ತದೆ, ಜಾಗ ಸಾಲುತ್ತದೆ.

ಒಳಗೆ ಎಳೆದುಕೊಳ್ಳುವ ಕೆಲಸ ಬಾಯಿಯದು. ಮೇಲಂಗುಳದಲ್ಲಿ ಎಡ-ಬಲ ಎರಡು ಸಾಲು ಒಳಹಲ್ಲುಗಳಿವೆ. ಒಂದು ಸಾಲು ಕಚ್ಚಿ ಹಿಡಿದಿರುವಾಗ ಇನ್ನೊಂದು ಮುಂದೆ ಸರಿದು ಹೊಸದಾಗಿ ಕಚ್ಚುತ್ತದೆ. ಹೊರಗಿನಿಂದ ನೋಡುವವರಿಗೆ ಕಿಂಗ್‌ಸ್ನೇಕ್‌ನ ತಲೆಯೇ ಬೇಟೆಯ ಮೇಲೆ ಹೆಜ್ಜೆ ಹಾಕುತ್ತಾ ಮುಂದೆ ನಡೆದಂತೆ ಕಾಣುತ್ತದೆ. ಸಾಮಾನ್ಯವಾಗಿ ತಲೆಯ ಕಡೆಯಿಂದಲೇ ಶುರು.

ಹಗಲಿನ ಹಾವೋ, ರಾತ್ರಿಯದೋ?

ಬಿಸಿಲು ಹೇಳಿದಂತೆ. ವಸಂತದಲ್ಲಿ ಹಗಲು ಓಡಾಟ, ಬೇಸಿಗೆಯ ಸೆಕೆಯಲ್ಲಿ ಸಂಜೆ ಮತ್ತು ರಾತ್ರಿ. ಚಳಿಗಾಲದಲ್ಲಿ ಬಂಡೆಯ ಸಂದಿಯಲ್ಲೋ ಇಲಿಬಿಲದಲ್ಲೋ ಶಿಶಿರನಿದ್ರೆ. ಓಡಾಡುವ ಕಾಲದಲ್ಲೂ ಹೆಚ್ಚು ಹೊತ್ತು ನೆಲದಡಿಯಲ್ಲೇ ಇರುತ್ತದೆ. ಹಳೆಯ ಹಲಗೆ, ತಗಡು ಎತ್ತಿದರೆ ಅಡಿಯಲ್ಲಿ ಸಿಗುವುದು ಅದಕ್ಕೇ.

ಮರಿ ಹಾಕುತ್ತದೋ ಮೊಟ್ಟೆ ಇಡುತ್ತದೋ?

ಮೊಟ್ಟೆ. ಶಿಶಿರನಿದ್ರೆಯಿಂದ ಎದ್ದ ಮೇಲೆ, ಮಾರ್ಚ್‌ನಿಂದ ಜೂನ್ ನಡುವೆ ಕೂಡುತ್ತವೆ. ಗಂಡುಗಳು ಹೆಣ್ಣಿಗಾಗಿ ಒಂದಕ್ಕೊಂದು ಹೆಣೆದುಕೊಂಡು ಬಲಪರೀಕ್ಷೆ ಮಾಡುವುದುಂಟು. ನಮ್ಮಲ್ಲಿ ಕೇರೆ ಹಾವುಗಳ ಇಂಥ ಗುದ್ದಾಟವನ್ನು ನೋಡಿ ಜನ ಮಿಲನ ಎಂದುಕೊಳ್ಳುತ್ತಾರಲ್ಲ, ಅಲ್ಲಿಯೂ ಅದೇ ತಪ್ಪು ತಿಳಿವಳಿಕೆ ಇದೆ. ಬೇಸಿಗೆಯಲ್ಲಿ ಐದಾರರಿಂದ ಹನ್ನೆರಡು ಮೊಟ್ಟೆ, ಕೆಲವೊಮ್ಮೆ ಹೆಚ್ಚು. ಇಟ್ಟ ಮೇಲೆ ತಾಯಿ ತಿರುಗಿ ನೋಡುವುದಿಲ್ಲ. ಎಲೆ ಗುಡ್ಡೆಹಾಕಿ ಗೂಡು ಕಟ್ಟಿ ಕಾಯುವ ಕಾಳಿಂಗನ ತಾಯ್ತನ ಇದಕ್ಕಿಲ್ಲ. ಎರಡು ತಿಂಗಳ ಆಸುಪಾಸಿನಲ್ಲಿ ಮೊಟ್ಟೆಯೊಡೆದು ಒಂದು ಅಡಿಯೊಳಗಿನ ಮರಿಗಳು ಬರುತ್ತವೆ. ಬಣ್ಣ, ಪಟ್ಟೆ ಎಲ್ಲ ದೊಡ್ಡವುಗಳದೇ, ಇನ್ನೂ ಸ್ವಲ್ಪ ಗಾಢ.

ಕೈಗೆ ಸಿಕ್ಕರೆ ಕಚ್ಚುತ್ತದೆಯೇ?

ಮುಟ್ಟದಿದ್ದರೆ ಇಲ್ಲ. ಬೆದರಿದರೆ ಬಾಲ ಅದುರಿಸುತ್ತದೆ. ಒಣಎಲೆಯ ಮೇಲೆ ಆ ಸದ್ದು ಕೇಳಿ ರ‍್ಯಾಟಲ್‌ಸ್ನೇಕ್ ಎಂದು ಓಡಿದವರಿದ್ದಾರೆ. ಉಂಡೆಯಾಗಿ ತಲೆಯನ್ನು ನಡುವೆ ಬಚ್ಚಿಡುತ್ತದೆ. ಎತ್ತಿಕೊಂಡರೆ ಬಾಲದ ಬುಡದಿಂದ ಗಬ್ಬು ನಾರುವ ದ್ರವ, ಜೊತೆಗೆ ಹಿಕ್ಕೆ. ಕಚ್ಚಿದರೂ ಸೋಪು ನೀರಿನಲ್ಲಿ ತೊಳೆದರೆ ಸಾಕು. ಆದರೆ ಕಚ್ಚಿದ್ದು ಯಾವ ಹಾವು ಎಂದು ಖಚಿತವಿಲ್ಲದಿದ್ದರೆ ಈ ಪುಟ ಓದುತ್ತಾ ಕೂರಬೇಡಿ, 911ಕ್ಕೆ ಕರೆ ಮಾಡಿ.

ಮನೆ ಹತ್ತಿರ ಕಿಂಗ್‌ಸ್ನೇಕ್ ಇದ್ದರೆ ರ‍್ಯಾಟಲ್‌ಸ್ನೇಕ್ ಬರುವುದಿಲ್ಲವಂತೆ?

ಅಂಥ ಭರವಸೆ ಇಟ್ಟುಕೊಳ್ಳಬೇಡಿ. ಎರಡೂ ಒಂದೇ ಗುಡ್ಡದಲ್ಲಿ ಬಹುಕಾಲದಿಂದ ಬದುಕಿವೆ, ಯಾವುದೂ ಇನ್ನೊಂದನ್ನು ಮುಗಿಸಿಲ್ಲ. ಬೇಡದ ಕಟ್ಟಿಗೆ ರಾಶಿ ತೆಗೆಯುವುದು, ಇಲಿಗಳಿಗೆ ಕಾಳು ಸಿಗದಂತೆ ನೋಡಿಕೊಳ್ಳುವುದು ಹೆಚ್ಚು ಫಲ ಕೊಡುತ್ತದೆ. ಕಿಂಗ್‌ಸ್ನೇಕ್ ಬಂದರೆ ಬರಲಿ, ಇಲಿಯನ್ನಂತೂ ತಿನ್ನುತ್ತದೆ.

ಇದು ಅಳಿವಿನಂಚಿನಲ್ಲಿದೆಯೇ?

ಕ್ಯಾಲಿಫೋರ್ನಿಯಾದ್ದು ಇಲ್ಲ. ಹದ್ದು, ಕಯೋಟಿ, ರಕೂನ್ ತಿನ್ನುತ್ತವೆ, ರಸ್ತೆಯಲ್ಲಿ ಬಹಳಷ್ಟು ಸಾಯುತ್ತವೆ, ಆದರೂ ಸಂಖ್ಯೆ ಚೆನ್ನಾಗಿಯೇ ಇದೆ. ಕಷ್ಟದಲ್ಲಿರುವುದು ಪೂರ್ವದ ದಾಯಾದಿ ಗೆಟ್ಯುಲಾ. ಫ್ಲಾರಿಡಾದ ಹಲವೆಡೆ, ದಕ್ಷಿಣ ಕೆರೊಲಿನಾದ ಸಂರಕ್ಷಿತ ಜಾಗವೊಂದರಲ್ಲಿಯೂ ಅದು ಸದ್ದಿಲ್ಲದೆ ಕಡಿಮೆಯಾಗಿದ್ದನ್ನು ಸಂಶೋಧಕರು ದಾಖಲಿಸಿದ್ದಾರೆ.

ಸ್ಪೇನಿನ ದ್ವೀಪದಲ್ಲಿ ಇದೇ ಹಾವನ್ನು ಹಿಡಿದು ಕೊಲ್ಲುತ್ತಿದ್ದಾರಂತೆ. ಯಾಕೆ?

ಅದು ಕನೇರಿ ದ್ವೀಪಸಮೂಹದ ಗ್ರಾನ್ ಕನಾರಿಯಾ. ಆಫ್ರಿಕದ ವಾಯವ್ಯ ಕರಾವಳಿಯಾಚೆ ಅಟ್ಲಾಂಟಿಕ್‌ನಲ್ಲಿದೆ, ಆಡಳಿತ ಸ್ಪೇನಿನದು. ಆ ದ್ವೀಪಗಳಲ್ಲಿ ಮೂಲದಿಂದ ಒಂದೇ ಒಂದು ಹಾವೂ ಇರಲಿಲ್ಲ. ಕ್ಯಾಲಿಫೋರ್ನಿಯಾ ಕಿಂಗ್‌ಸ್ನೇಕ್ ಅಲ್ಲಿಗೆ ತಲುಪಿದ್ದು ಸಾಕುಪ್ರಾಣಿಯಾಗಿ. ತಪ್ಪಿಸಿಕೊಂಡವೋ, ಬೇಡವೆಂದು ಬಿಟ್ಟವೋ, 1998ರ ಹೊತ್ತಿಗೆ ಟೆಲ್ಡೆ ಊರಿನ ಬಳಿ ಬಯಲಿನಲ್ಲಿ ಕಾಣಿಸಿಕೊಂಡವು. ಸಾಕಣೆಯಲ್ಲಿ ಜನ ಇಷ್ಟಪಟ್ಟು ಬೆಳೆಸಿದ ಬಿಳಿಚು ಬಣ್ಣದ ಆಲ್ಬಿನೊ ಹಾವುಗಳು ಅಲ್ಲಿನ ಗುಡ್ಡಗಳಲ್ಲಿ ಈಗಲೂ ಸಿಗುತ್ತವೆ, ಮೂಲ ಎಲ್ಲಿಯದು ಎನ್ನಲು ಅದೇ ಸಾಕ್ಷಿ.

ದ್ವೀಪದಲ್ಲಿ ಮೂಲದಿಂದ ಮೂರು ಸರೀಸೃಪಗಳಿದ್ದವು: ಬಾಲ ಸೇರಿ ಎರಡು ಅಡಿ ದಾಟುವ ದೈತ್ಯ ಓತಿ, ಒಂದು ಹಾವುರಾಣಿ, ಒಂದು ಹಲ್ಲಿ. ಹಾವೆಂದರೆ ಏನೆಂದೇ ಅರಿಯದೆ ಬೆಳೆದ ಸಂತತಿಗಳು. ರ‍್ಯಾಟಲ್‌ಸ್ನೇಕ್‌ಗೆ ಇರುವ ಕಮಾನಿನ ಉಪಾಯದಂಥದ್ದು ಇವಕ್ಕೆ ಇಲ್ಲ. 2021ರಲ್ಲಿ ಜೂಲಿಯನ್ ಪಿಕೆ ಮತ್ತು ಮಾರ್ತಾ ಲೋಪೆಸ್-ದಾರಿಯಾಸ್ ಪ್ರಕಟಿಸಿದ ಅಧ್ಯಯನದ ಪ್ರಕಾರ ಕಿಂಗ್‌ಸ್ನೇಕ್ ಹೊಕ್ಕ ಜಾಗಗಳಲ್ಲಿ ದೈತ್ಯ ಓತಿ ಶೇ 90ಕ್ಕೂ ಹೆಚ್ಚು, ಹಾವುರಾಣಿ ಶೇ 80ಕ್ಕೂ ಹೆಚ್ಚು, ಹಲ್ಲಿ ಶೇ 50ಕ್ಕೂ ಹೆಚ್ಚು ಕಡಿಮೆಯಾಗಿವೆ. ಆ ದೊಡ್ಡ ಓತಿ ಹಣ್ಣು ತಿಂದು ಬೀಜ ಹರಡುವ ಪ್ರಾಣಿ, ಹಾಗಾಗಿ ಪೆಟ್ಟು ಗಿಡಗಳಿಗೂ ತಟ್ಟುತ್ತದೆ.

ಹಿಡಿದು ಮುಗಿಸಲು ಯಾಕೆ ಆಗುತ್ತಿಲ್ಲ?

ಐರೋಪ್ಯ ಒಕ್ಕೂಟದ ನೆರವಿನಲ್ಲಿ 2011ರಿಂದ 2015ರವರೆಗೆ ಇದಕ್ಕೆಂದೇ ಒಂದು ಯೋಜನೆ ನಡೆಯಿತು, ಆಮೇಲೂ ಕೆಲಸ ನಿಂತಿಲ್ಲ. ಬೋನು ಇಡುತ್ತಾರೆ, ಕಲ್ಲು ಎತ್ತಿ ಹುಡುಕುತ್ತಾರೆ, ಕಂಡವರು ತಿಳಿಸಲೆಂದು ಊರವರನ್ನೂ ಸೇರಿಸಿಕೊಂಡಿದ್ದಾರೆ. ಸಾವಿರಾರು ಹಾವು ಸಿಕ್ಕಿವೆ. ತೊಡಕು ಹಾವಿನ ಸ್ವಭಾವದಲ್ಲೇ ಇದೆ: ಹೆಚ್ಚು ಕಾಲ ನೆಲದಡಿ, ಮೇಲೆ ಬಂದಷ್ಟು ಮಾತ್ರ ಕೈಗೆ ಸಿಗುತ್ತದೆ. ಜ್ವಾಲಾಮುಖಿ ಬಂಡೆಗಳ ಬಿರುಕು, ಹಳೆಯ ಕಲ್ಲುಕಟ್ಟೆಗಳ ಸಂದಿ ಅದಕ್ಕೆ ಅಡಗಲು ಹೇಳಿ ಮಾಡಿಸಿದ್ದು. ಹವೆ ಹಿತ, ಊಟ ಹೇರಳ, ತವರಿನ ಶತ್ರುಗಳಲ್ಲಿ ಬಹುಪಾಲು ಅಲ್ಲಿಲ್ಲ.

ಅಮೆರಿಕದಲ್ಲಿ ನನ್ನ ಮಗ ಇದನ್ನು ಸಾಕಬೇಕೆಂದು ಹಟ ಹಿಡಿದಿದ್ದಾನೆ. ಸಾಕಬಹುದೇ?

ಅಲ್ಲಿ ಇದು ಬಹಳ ಜನಪ್ರಿಯ ಸಾಕುಹಾವು, ಸಾಕಣೆಯಲ್ಲೇ ಹುಟ್ಟಿದ ಮರಿಗಳು ಸಿಗುತ್ತವೆ. ಹಿತ್ತಲಿನಿಂದ ಹಿಡಿದು ತರುವುದು ಬೇಡ, ಅದಕ್ಕೆ ರಾಜ್ಯದ ನಿಯಮಗಳಿವೆ. ಭಾರತದಲ್ಲಿ ಇದನ್ನು ನೋಡಿ ಆಸೆಪಟ್ಟು ಕೇರೆ ಹಾವನ್ನೋ ನಾಗರವನ್ನೋ ಮನೆಯಲ್ಲಿ ಇಟ್ಟುಕೊಂಡರೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಡಿ ಅಪರಾಧ.

ಕೊಳ್ಳುವ ಮೊದಲು ಒಂದು ಲೆಕ್ಕ ಹಾಕಿ. ಚೆನ್ನಾಗಿ ನೋಡಿಕೊಂಡರೆ ಇಪ್ಪತ್ತು ವರ್ಷ ಬದುಕುತ್ತದೆ, ಮಗ ಕಾಲೇಜಿಗೆ ಹೋದ ಮೇಲೆ ಇಲಿ ಕೊಡುವ ಕೆಲಸ ನಿಮ್ಮದು. ಒಂದಕ್ಕೆ ಜೊತೆ ಇರಲೆಂದು ಇನ್ನೊಂದನ್ನು ಅದೇ ಪೆಟ್ಟಿಗೆಗೆ ಬಿಟ್ಟರೆ ಬೆಳಿಗ್ಗೆ ಒಂದೇ ಉಳಿದಿದ್ದೀತು. ಸಾಕಣೆಯವರು ಮರಿಗಳನ್ನೂ ಬೇರೆ ಬೇರೆ ಡಬ್ಬಿಗಳಲ್ಲೇ ಬೆಳೆಸುತ್ತಾರೆ.